ಪಾಹೋಮ್ ಒಲೆಯ ಮೇಲೆ ಯಾಕೆ ಮಲಗಿದ್ದ? ರಷ್ಯಾದ ರೈತರ ಕಥೆಗಳನ್ನು ಓದುವವರಿಗೆ ಒಂದಿಷ್ಟು ಹಿನ್ನೆಲೆ

ಅಕ್ಕನ ಮಗಳಿಗೆ ಕಾಲೇಜಿನಲ್ಲಿ ಟಾಲ್‌ಸ್ಟಾಯ್ ಕಥೆಯೊಂದು ಪಾಠಕ್ಕೆ ಬಂದಿದೆ. 'ಮನುಷ್ಯನಿಗೆ ಎಷ್ಟು ಜಮೀನು ಬೇಕು?' ಅಂತ. ಒಂದು ರಾತ್ರಿ ಫೋನ್ ಮಾಡಿದಳು. "ಮಾಮ, ಪುಸ್ತಕದಲ್ಲಿ ಏನೋ ತಪ್ಪಾಗಿದೆ. ಪಾಹೋಮ್ ಓವನ್ ಮೇಲೆ ಮಲ್ಕೊಂಡು ಹೆಂಗಸರ ಮಾತು ಕೇಳಿಸ್ಕೊಳ್ತಿದ್ದ ಅಂತಿದೆ. ಸುಟ್ಟು ಹೋಗಲ್ವಾ?"

ತಪ್ಪಲ್ಲ. ಅವನು ನಿಜವಾಗಲೂ ಅಲ್ಲೇ ಮಲಗಿದ್ದ. ರಷ್ಯಾದ ಓದುಗನಿಗೆ ಆ ಸಾಲು ಎಷ್ಟು ಮಾಮೂಲಿ ಅಂದರೆ, ನಮ್ಮ ಕಥೆಯಲ್ಲಿ 'ಯಜಮಾನ ಜಗುಲಿ ಮೇಲೆ ಕೂತಿದ್ದ' ಅಂತ ಬಂದ ಹಾಗೆ. ಯಾರೂ ನಿಂತು ಯೋಚಿಸುವುದಿಲ್ಲ.

ಮಾರನೇ ದಿನ ಅವಳಿಂದ ಇನ್ನೂ ಮೂರು ಪ್ರಶ್ನೆ ಬಂದವು. ಒಬ್ಬನೇ ಮನುಷ್ಯನಿಗೆ ಮೂರು ಹೆಸರು ಯಾಕೆ? ಜೀತದಿಂದ ಬಿಡುಗಡೆ ಆದ ಮೇಲೂ ಜನ ಯಾಕೆ ಅಷ್ಟು ಬಡವರು? ಚೆಕಾಫ್‌ನ ಒಂದು ಕಥೆಯಲ್ಲಿ ಮುದುಕರು 'ದಣಿಗಳ ಕಾಲವೇ ಚೆನ್ನಾಗಿತ್ತು' ಅನ್ನುತ್ತಾರಲ್ಲ, ಹುಚ್ಚಾ ಅವರಿಗೆ? ಉತ್ತರ ಹೇಳುತ್ತಾ ಹೋದಾಗ ನನಗೇ ಒಂದು ವಿಷಯ ಗೊತ್ತಾಯ್ತು. ಈ ಕಥೆಗಳು ಅರ್ಥವಾಗದೆ ಇದ್ದಾಗ ನಾವು 'ರಷ್ಯನ್ನರ ಮನಸ್ಸು ಬಹಳ ಆಳ ಕಣ್ರೀ' ಅಂತ ಹೇಳಿ ಮುಂದೆ ಹೋಗುತ್ತೇವೆ. ಅಲ್ಲಿ ಅರ್ಥವಾಗದೆ ಇರುವುದು ಮನಸ್ಸಲ್ಲ. ಒಲೆ, ಸಾಲ, ಕಂದಾಯದ ಬಾಕಿ, ಜಮೀನಿನ ಲೆಕ್ಕ. ಅವು ಗೊತ್ತಿದ್ದರೆ ಮನಸ್ಸು ತಾನಾಗಿ ಅರ್ಥವಾಗುತ್ತದೆ.

## ಮನೆಯ ಕಾಲು ಭಾಗ ತಿನ್ನುವ ಒಲೆ

ಒಲೆ ಅಂದಾಗ ನಮ್ಮ ಕಣ್ಣ ಮುಂದೆ ಬರುವುದು ಮೂರು ಕಲ್ಲು, ಇಲ್ಲಾ ಮಣ್ಣಿನ ಕೋಡೊಲೆ, ಇಲ್ಲಾ ಗ್ಯಾಸು. ರಷ್ಯಾದ ಹಳ್ಳಿಮನೆಯ ಒಲೆ ಬೇರೆಯೇ ಪ್ರಾಣಿ. ಅದಕ್ಕೆ 'ಪೇಚ್' ಅನ್ನುತ್ತಾರೆ. ಇಟ್ಟಿಗೆಯಲ್ಲೋ ಜೇಡಿಮಣ್ಣಿನಲ್ಲೋ ಕಟ್ಟಿದ ದೊಡ್ಡ ಗುಡ್ಡೆ ಅದು, ಒಂದೇ ಕೋಣೆಯ ಮರದ ಮನೆಯಲ್ಲಿ ಕಾಲು ಭಾಗ ಜಾಗ ಅದಕ್ಕೇ ಹೋಗುತ್ತಿತ್ತು. ಈ ಮರದ ಮನೆಗೆ 'ಇಜ್ಬಾ' ಅಂತ ಹೆಸರು.

ಬೆಳಗ್ಗೆ ಒಂದು ಸಲ ಸೌದೆ ಹಾಕಿ ಚೆನ್ನಾಗಿ ಉರಿಸುತ್ತಾರೆ. ಬೆಂಕಿ ಆರಿದ ಮೇಲೂ ಆ ಇಟ್ಟಿಗೆಗಳು ಇಡೀ ದಿನ ಬಿಸಿ ಬಿಡುತ್ತಲೇ ಇರುತ್ತವೆ. ಏಪ್ರಿಲ್ ತಿಂಗಳ ಸಂಜೆ ತಾರಸಿ ಮೇಲೆ ಬರಿಗಾಲಲ್ಲಿ ನಿಂತರೆ ಹಗಲಿನ ಬಿಸಿ ಇನ್ನೂ ಅಂಗಾಲಿಗೆ ಹತ್ತುತ್ತದೆ ಅಲ್ವಾ, ಅದೇ ಲೆಕ್ಕ. ಒಳಗೆ ಮಡಕೆ ಇಟ್ಟರೆ ಎಲೆಕೋಸಿನ ಸಾರು ನಿಧಾನಕ್ಕೆ ಬೇಯುತ್ತದೆ, ರೈ ಹಿಟ್ಟಿನ ಕಪ್ಪು ಬ್ರೆಡ್ಡು ಸುಡಬಹುದು, ಒದ್ದೆ ಬಟ್ಟೆ ಒಣಗುತ್ತದೆ. ಮೇಲ್ಭಾಗ ಚಪ್ಪಟೆ. ಹೊರಗೆ ಸೊನ್ನೆಗಿಂತ ಇಪ್ಪತ್ತು ಡಿಗ್ರಿ ಕೆಳಗೆ ಚಳಿ ಇರುವಾಗ ಮನೆಯಲ್ಲಿ ಅದಕ್ಕಿಂತ ಸುಖದ ಜಾಗ ಇಲ್ಲ. ಹಾಗಾಗಿ ಮುದುಕರು, ಮಕ್ಕಳು, ಕಾಯಿಲೆಯವರು ಅಲ್ಲೇ ಮಲಗುತ್ತಿದ್ದರು. ಬಡವರ ಎಷ್ಟೋ ಮನೆಗಳಲ್ಲಿ ಹೊಗೆ ಕೊಳವೆಯೇ ಇರಲಿಲ್ಲ. ಹೊಗೆ ಬಾಗಿಲಿನಿಂದಲೋ ಕಿಂಡಿಯಿಂದಲೋ ಹೋಗಬೇಕು, ಗೋಡೆ ಸೂರು ಎಲ್ಲ ಮಸಿ.

ಪಾಹೋಮ್ ಒಲೆಯ ಮೇಲೆ ಮಲಗಿ 'ಜಮೀನು ಇದ್ದಿದ್ದರೆ ನಾನು ದೆವ್ವಕ್ಕೂ ಹೆದರುತ್ತಿರಲಿಲ್ಲ' ಅಂದುಕೊಳ್ಳುತ್ತಾನೆ. ದೆವ್ವ ಅದನ್ನು ಕೇಳಿಸಿಕೊಳ್ಳುತ್ತದೆ. ಎಲ್ಲಿಂದ? ಅದೇ ಒಲೆಯ ಹಿಂದಿನಿಂದ. ಇದು ಟಾಲ್‌ಸ್ಟಾಯ್ ಸುಮ್ನೆ ಆರಿಸಿದ ಜಾಗ ಅಲ್ಲ. ಮನೆ ಕಾಯುವ ದೈವವೊಂದು ಒಲೆಯ ಹಿಂದೆ ಇರುತ್ತದೆ ಅನ್ನುವುದು ರಷ್ಯಾದ ಹಳ್ಳಿಗರ ಹಳೆಯ ನಂಬಿಕೆ. ದೈವದ ಜಾಗದಲ್ಲಿ ದೆವ್ವ ಬಂದು ಕೂತಿದೆ ಅಂದಮೇಲೆ ಊರ ಓದುಗನಿಗೆ ಅಲ್ಲೇ ಸೂಚನೆ ಸಿಕ್ಕಿಬಿಡುತ್ತದೆ, ನಮಗೆ ಮಾತ್ರ ಸಿಗುವುದಿಲ್ಲ.

ಇನ್ನೊಂದು ಮಾತು. ಒಲೆಗೆ ಎದುರಿನ ಮೂಲೆಯನ್ನು 'ಕೆಂಪು ಮೂಲೆ' ಅಂತ ಅನುವಾದ ಮಾಡಿರುತ್ತಾರೆ. ಆ ಪದಕ್ಕೆ ಹಳೆಯ ರಷ್ಯನ್‌ನಲ್ಲಿ 'ಚೆಂದದ' ಅನ್ನುವ ಅರ್ಥವೂ ಇತ್ತು. ದೇವರ ಪಟ, ದೀಪ ಇಡುವ ಜಾಗ ಅದು. ದೇವರ ಮೂಲೆ ಅಂತ ಓದಿಕೊಳ್ಳಿ, ಸಾಕು.

## ವಾಂಕಾ, ವಾನ್ಯಾ, ಇವಾನ್ ಪೆತ್ರೋವಿಚ್

ಹೆಸರಿನ ಗೊಂದಲ ನಮಗೆ ಆಗಬಾರದು, ಯಾಕೆಂದರೆ ನಾವೂ ಇದನ್ನೇ ಮಾಡುತ್ತೇವೆ. ನಿಂಗ, ನಿಂಗಣ್ಣ, ನಿಂಗಪ್ಪನವರು ಮೂರೂ ಒಬ್ಬನೇ ಆಗಿರಬಹುದು, ಕರೆಯುವವರು ಯಾರು ಅನ್ನುವುದರ ಮೇಲೆ ಹೆಸರು ಬದಲಾಗುತ್ತದೆ. ಅಲ್ಲೂ ಅಷ್ಟೇ. ಇವಾನ್ ಅನ್ನುವುದು ಪೂರ್ತಿ ಹೆಸರು. ಮನೆಯವರು ಮುದ್ದಿನಿಂದ ವಾನ್ಯಾ ಅನ್ನುತ್ತಾರೆ. 'ಕಾ' ಸೇರಿಸಿ ವಾಂಕಾ ಅಂದರೆ ನಮ್ಮ 'ನಿಂಗ' ಇದ್ದ ಹಾಗೆ, ಸಲುಗೆಗೂ ಆಗುತ್ತದೆ ತಾತ್ಸಾರಕ್ಕೂ ಆಗುತ್ತದೆ. ಗೌರವದಿಂದ ಕರೆಯುವಾಗ ಅಪ್ಪನ ಹೆಸರು ಸೇರುತ್ತದೆ. ಇವಾನ್ ಪೆತ್ರೋವಿಚ್ ಅಂದರೆ ಪ್ಯೋತರನ ಮಗ ಇವಾನ್.

ಚೆಕಾಫ್‌ನ 'ವಾಂಕಾ' ಕಥೆಯಲ್ಲಿ ಒಂಬತ್ತು ವರ್ಷದ ಹುಡುಗ ಮಾಸ್ಕೋದ ಒಬ್ಬ ಚಮ್ಮಾರನ ಹತ್ತಿರ ಕೆಲಸಕ್ಕಿರುತ್ತಾನೆ. ಹೊಡೆತ, ಹಸಿವು. ಕ್ರಿಸ್ಮಸ್ ಹಿಂದಿನ ರಾತ್ರಿ ಕದ್ದು ಕೂತು ತಾತನಿಗೆ ಕಾಗದ ಬರೆಯುತ್ತಾನೆ. ವಿಳಾಸಕ್ಕೆ 'ಊರಲ್ಲಿರುವ ತಾತನಿಗೆ' ಅಂತಷ್ಟೇ ಬರೆದು, ತಲೆ ಕೆರೆದುಕೊಂಡು, ಆಮೇಲೆ 'ಕೊನ್‌ಸ್ತಾಂತಿನ್ ಮಕಾರಿಚ್' ಅಂತ ಸೇರಿಸುತ್ತಾನೆ. ತಾತನ ಹೆಸರು, ತಾತನ ಅಪ್ಪನ ಹೆಸರು. ಊರಲ್ಲಿ ಅಷ್ಟು ಸಾಕು, ಎಲ್ಲರಿಗೂ ಗೊತ್ತು. ಅಂಚೆಗೆ ಊರಿನ ಹೆಸರು ಬೇಕು ಅನ್ನುವುದು ಆ ಮಗುವಿಗೆ ಹೊಳೆಯುವುದೇ ಇಲ್ಲ.

ರಷ್ಯನ್‌ನಲ್ಲಿ 'ನೀನು', 'ನೀವು' ಬೇರೆ ಬೇರೆ ಇವೆ. ಇಂಗ್ಲಿಷಿಗೆ ಹೋದಾಗ ಅದು ಮಾಯವಾಗುತ್ತದೆ, ಅಲ್ಲಿಂದ ಕನ್ನಡಕ್ಕೆ ತರುವವರು ಊಹೆ ಮಾಡಬೇಕಾಗುತ್ತದೆ. ದಣಿ ರೈತನಿಗೆ 'ನೀನು' ಅನ್ನುತ್ತಾನೆ, ಅವನು ಮುದುಕನಾದರೂ. ಅನುವಾದದಲ್ಲಿ ಸಾಹೇಬ ರೈತನನ್ನು 'ನೀವು' ಅಂತ ಕರೆದರೆ ಸ್ವಲ್ಪ ಅನುಮಾನ ಪಡಿ.

## ಜಮೀನು ಮಾರಿದರೆ ಮನುಷ್ಯರೂ ಸೇರಿ

ಈಗ ದೊಡ್ಡ ವಿಷಯ. 1861ಕ್ಕೆ ಮುಂಚಿನ ಕಥೆ ಓದುವಾಗ ಒಂದು ನೆನಪಿರಲಿ, ಅದರಲ್ಲಿ ಬರುವ ರೈತರಲ್ಲಿ ಹೆಚ್ಚಿನವರು ಇನ್ನೊಬ್ಬರ ಸೊತ್ತು. 1649ರ ಕಾನೂನು ರೈತನನ್ನು ದಣಿಯ ಜಮೀನಿಗೆ ಪೂರ್ತಿಯಾಗಿ ಕಟ್ಟಿಹಾಕಿತು. ಓಡಿ ಹೋದರೆ ಎಷ್ಟು ವರ್ಷ ಕಳೆದರೂ ಹಿಡಿದು ತರಬಹುದು. ಮದುವೆಗೆ ದಣಿಯ ಒಪ್ಪಿಗೆ ಬೇಕು. ಸಿಟ್ಟು ಬಂದರೆ ಅವನನ್ನು ಸೈನ್ಯಕ್ಕೆ ಕಳಿಸಬಹುದು, ಮತ್ತು ಒಂದು ಕಾಲದಲ್ಲಿ ಸೈನ್ಯದ ಚಾಕರಿ ಅಂದರೆ 25 ವರ್ಷ. ಊರಲ್ಲಿ ಅದನ್ನು ಸಾವು ಅಂತಲೇ ಲೆಕ್ಕ ಹಿಡಿದು ಅಳುತ್ತಿದ್ದರು.

ನಮ್ಮ ಜೀತಕ್ಕೆ ಹತ್ತಿರದ ಪದ್ಧತಿ, ಆದರೆ ಒಂದು ವ್ಯತ್ಯಾಸ ಇದೆ. ಜೀತ ಸಾಮಾನ್ಯವಾಗಿ ಸಾಲದಿಂದ ಶುರುವಾಗುತ್ತದೆ. ಇದು ಹುಟ್ಟಿನಿಂದಲೇ ಶುರು. ದಣಿ ಎಷ್ಟು ಶ್ರೀಮಂತ ಅಂತ ಹೇಳುವಾಗ ಎಕರೆ ಲೆಕ್ಕ ಹೇಳುತ್ತಿರಲಿಲ್ಲ, 'ಇಷ್ಟು ಜೀವ' ಅನ್ನುತ್ತಿದ್ದರು. ಗಂಡಸರನ್ನು ಮಾತ್ರ ಎಣಿಸುತ್ತಿದ್ದರು.

ರೈತ ದಣಿಗೆ ಎರಡು ತರಹ ಸಲ್ಲಿಸಬೇಕಿತ್ತು. ಒಂದು ಬಿಟ್ಟಿ ದುಡಿಮೆ, ಅಂದರೆ ವಾರದಲ್ಲಿ ಮೂರು ದಿನವೋ ಅದಕ್ಕಿಂತ ಜಾಸ್ತಿಯೋ ದಣಿಯ ಹೊಲದಲ್ಲಿ ಕೆಲಸ. ಇದಕ್ಕೆ 'ಬಾರ್ಶ್ಚಿನಾ' ಅನ್ನುತ್ತಾರೆ. ಇನ್ನೊಂದು 'ಅಬ್ರೋಕ್', ವರ್ಷಕ್ಕೆ ಇಷ್ಟು ದುಡ್ಡು ಅಂತ ಕಟ್ಟಿಬಿಡುವುದು, ಆಮೇಲೆ ಹೇಗಾದರೂ ದುಡಿದುಕೋ. ಎರಡೂ ಜೀತವೇ. ಆದರೆ ಎರಡರ ನಡುವೆ ಎಷ್ಟು ದೂರ ಅನ್ನುವುದನ್ನು ತುರ್ಗೆನೆವ್ 1847ರಲ್ಲಿ ಬರೆದ 'ಖೋರ್ ಮತ್ತು ಕಲೀನಿಚ್' ಕಥೆಯ ಮೊದಲ ಪುಟದಲ್ಲೇ ತೋರಿಸುತ್ತಾನೆ. ಅರ್ಯೋಲ್ ಕಡೆಯ ರೈತ ಬಿಟ್ಟಿ ದುಡಿಯುವವನು: ಕುಳ್ಳ, ಗೂನು ಬೆನ್ನು, ಮುಖ ಗಂಟು, ಹಾಳು ಗುಡಿಸಲು, ಮರದ ನಾರಿನ ಮೆಟ್ಟು. ಪಕ್ಕದ ಕಲೂಗಾ ಕಡೆಯವನು ದುಡ್ಡು ಕಟ್ಟುವವನು: ಎತ್ತರ, ನೇರ ನೋಟ, ಪೈನ್ ಮರದ ದೊಡ್ಡ ಮನೆ, ಹಬ್ಬಕ್ಕೆ ಬೂಟು. ಮೈಕಟ್ಟಿನ ವರ್ಣನೆ ಅಂತ ನಾವು ಓದುತ್ತೇವೆ, ಅದು ಅರ್ಥಶಾಸ್ತ್ರ.

ಖೋರ್ ಚಾಲಾಕಿ ಮನುಷ್ಯ. ಮನೆ ಸುಟ್ಟು ಹೋದಾಗ ದಣಿಯ ಹತ್ತಿರ ಹೋಗಿ, ಕಾಡಿನ ಜವುಗು ಜಾಗದಲ್ಲಿ ಇರಲು ಬಿಡಿ, ಒಳ್ಳೆ ದುಡ್ಡು ಕಟ್ಟುತ್ತೇನೆ ಅಂತ ಕೇಳಿಕೊಂಡ. ಜವುಗು ಯಾಕೆ? ದಣಿಯ ಕಣ್ಣಿಗೆ ದೂರ. ಅಲ್ಲಿ ಅವನು ದುಡ್ಡು ಮಾಡಿದ. ಹಾಗಾದರೆ ಬೆಲೆ ಕೊಟ್ಟು ಬಿಡುಗಡೆ ಪಡೆಯಬಹುದಲ್ಲ ಅಂತ ಕಥೆ ಹೇಳುವವನು ಕೇಳಿದರೆ ಖೋರ್ ಜಾರಿಕೊಳ್ಳುತ್ತಾನೆ. ಸ್ವತಂತ್ರರ ಸಾಲಿಗೆ ಸೇರಿದರೆ ಗಡ್ಡ ಇಲ್ಲದವರೆಲ್ಲ ನನಗೆ ಮೇಲಿನವರಾಗುತ್ತಾರೆ ಅನ್ನುವ ಅರ್ಥದ ಮಾತಾಡುತ್ತಾನೆ. ಗಡ್ಡ ಬೋಳಿಸುತ್ತಿದ್ದವರು ಸರ್ಕಾರಿ ನೌಕರರು, ದಣಿಗಳು. ಒಬ್ಬ ದಣಿಯಿಂದ ತಪ್ಪಿಸಿಕೊಂಡು ನೂರು ಗುಮಾಸ್ತರ ಕೈಗೆ ಬೀಳಬೇಕಾ ಅಂತ ಅವನ ಲೆಕ್ಕ. ತಾಲೂಕು ಆಫೀಸಿಗೆ ಅಲೆದವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಇಂಥ ಕಥೆಗಳು 'ಬೇಟೆಗಾರನ ಟಿಪ್ಪಣಿಗಳು' ಅಂತ 1852ರಲ್ಲಿ ಪುಸ್ತಕವಾಗಿ ಬಂದವು. ರೈತನನ್ನೂ ಬುದ್ಧಿ, ರುಚಿ, ಹಟ ಇರುವ ಮನುಷ್ಯ ಅಂತ ತೋರಿಸಿದ್ದೇ ಆಗ ದೊಡ್ಡ ಸುದ್ದಿ. ಪುಸ್ತಕಕ್ಕೆ ಒಪ್ಪಿಗೆ ಕೊಟ್ಟ ಸೆನ್ಸಾರ್ ಅಧಿಕಾರಿಯ ಕೆಲಸ ಹೋಯಿತು. ತುರ್ಗೆನೆವ್ ಕೂಡ ಅದೇ ವರ್ಷ ಒಂದು ತಿಂಗಳು ಬಂಧನದಲ್ಲಿದ್ದ, ನೆಪ ಮಾತ್ರ ಹಿರಿಯ ಲೇಖಕ ಗೊಗೊಲ್ ತೀರಿಕೊಂಡಾಗ ಬರೆದ ಒಂದು ಲೇಖನ. ಅವನ ತಾಯಿಯೇ ಸಾವಿರಾರು ಜೀವಗಳ ಒಡತಿ, ಕ್ರೂರಿ ಅಂತ ಹೆಸರಾದವಳು. ಬಂಧನದಲ್ಲಿ ಕೂತು ಬರೆದ 'ಮುಮು' ಕಥೆಯ ಒಡತಿಯಲ್ಲಿ ಅವಳ ನೆರಳಿದೆ.

## ಬಿಡುಗಡೆ ಸಿಕ್ಕಿತು, ಕಂತಿನ ಮೇಲೆ

1861ರಲ್ಲಿ ಎರಡನೇ ಅಲೆಕ್ಸಾಂಡರ್ ಅನ್ನುವ ಸಾಮ್ರಾಟ ಈ ಪದ್ಧತಿಯನ್ನು ರದ್ದು ಮಾಡಿದ. ದಣಿಗಳ ಕೈಯಲ್ಲಿದ್ದ ಸುಮಾರು 2 ಕೋಟಿ 30 ಲಕ್ಷ ಜನ ಕಾಗದದ ಮೇಲೆ ಸ್ವತಂತ್ರರಾದರು. ಚೆಕಾಫ್ ಹುಟ್ಟಿದ್ದು ಅದಕ್ಕೆ ಒಂದು ವರ್ಷ ಮುಂಚೆ. ಅವನ ತಾತ ಜೀತದಲ್ಲೇ ಹುಟ್ಟಿ, ದುಡ್ಡು ಕೂಡಿಟ್ಟು, 1841ರಲ್ಲಿ ತನ್ನ ಮತ್ತು ಮನೆಯವರ ಬಿಡುಗಡೆಯನ್ನು ಕೊಂಡುಕೊಂಡಿದ್ದ.

ಆದರೆ ಜಮೀನು ಪುಕ್ಕಟೆ ಸಿಗಲಿಲ್ಲ. ಇಲ್ಲಿಯೇ ಎಲ್ಲ ಕಥೆಗಳ ಗಂಟು ಇರುವುದು, ಸ್ವಲ್ಪ ನಿಧಾನವಾಗಿ ಓದಿ.

ರೈತರಿಗೆ ಕೊಡುವ ಜಮೀನಿಗೆ ಒಂದು ಬೆಲೆ ಕಟ್ಟಿದರು. ಎಷ್ಟೋ ಕಡೆ ಮಾರುಕಟ್ಟೆ ಬೆಲೆಗಿಂತ ಜಾಸ್ತಿ. ಅದರ ದೊಡ್ಡ ಪಾಲನ್ನು, ಸುಮಾರು ನೂರಕ್ಕೆ 80, ಸರ್ಕಾರ ದಣಿಗೆ ಕೊಟ್ಟಿತು. ಆ ಮೊತ್ತ ರೈತನ ತಲೆಯ ಮೇಲೆ ಸಾಲವಾಗಿ ಕೂತಿತು. ಪ್ರತಿ ವರ್ಷ ಸಾಲದ ನೂರಕ್ಕೆ 6ರಷ್ಟನ್ನು ಕಟ್ಟಬೇಕು. ಎಷ್ಟು ವರ್ಷ? 49. ಲೆಕ್ಕ ಹಾಕಿ: 100 ರೂಬಲ್ ಸಾಲಕ್ಕೆ ಕೊನೆಗೆ ಕಟ್ಟಬೇಕಿದ್ದದ್ದು 294 ರೂಬಲ್. ನಾವು ಇಪ್ಪತ್ತು ವರ್ಷದ ಮನೆ ಸಾಲಕ್ಕೇ ನಿದ್ದೆ ಕೆಡಿಸಿಕೊಳ್ಳುತ್ತೇವೆ. ಇಲ್ಲಿ ತಾತ ಮಾಡಿದ ಸಾಲದ ಕಂತನ್ನು ಮೊಮ್ಮಗ ಕಟ್ಟುತ್ತಿದ್ದ. 1905ರ ಗಲಭೆಗಳು ಎದ್ದ ಮೇಲೆ ಸರ್ಕಾರ ಬಗ್ಗಿತು, 1907ರ ಮೊದಲ ದಿನದಿಂದ ಕಂತು ನಿಂತಿತು.

ಇನ್ನೊಂದು ತೊಂದರೆ ಕಣ್ಣಿಗೆ ಕಾಣದ್ದು. ಹೊಲವೇನೋ ರೈತನಿಗೆ ಬಂತು, ಆದರೆ ಕಾಡು, ಹುಲ್ಲುಗಾವಲು ಬಹುಪಾಲು ದಣಿಯ ಹತ್ತಿರವೇ ಉಳಿಯಿತು. ದನ ಎಲ್ಲಿ ಮೇಯಬೇಕು? ಸೌದೆ ಎಲ್ಲಿಂದ ತರಬೇಕು? ಪಾಹೋಮ್‌ನ ಕಥೆ ಶುರುವಾಗುವುದು ಇಲ್ಲಿಂದಲೇ. ಪಕ್ಕದ ಜಮೀನುದಾರಳ ಪಾರುಪತ್ತೇದಾರ, ಒಬ್ಬ ಮಾಜಿ ಸಿಪಾಯಿ, ಇವನ ಕುದುರೆ ಓಟ್ಸ್ ಹೊಲಕ್ಕೆ ನುಗ್ಗಿತು, ಹಸು ತೋಟಕ್ಕೆ ಬಂತು ಅಂತ ದಂಡ ಹಾಕುತ್ತಲೇ ಇರುತ್ತಾನೆ. ಬೇಸತ್ತು ಪಾಹೋಮ್ ಸ್ವಂತ ಜಮೀನು ಕೊಳ್ಳುತ್ತಾನೆ. ಮರಿ ಕುದುರೆ ಮಾರುತ್ತಾನೆ, ಜೇನುಗೂಡುಗಳಲ್ಲಿ ಅರ್ಧ ಮಾರುತ್ತಾನೆ, ಮಗನನ್ನು ಕೂಲಿಗೆ ಇಟ್ಟು ಮುಂಗಡ ತರುತ್ತಾನೆ. ಆಮೇಲೆ? ಊರವರ ದನ ಇವನ ಹುಲ್ಲಿಗೆ ಬರುತ್ತವೆ, ಇವನೇ ಕೋರ್ಟಿಗೆ ಹೋಗಿ ದಂಡ ಹಾಕಿಸುತ್ತಾನೆ. ಈ ಕಥೆಯನ್ನು 'ದುರಾಸೆ ಕೆಟ್ಟದ್ದು' ಅಂತ ಒಂದು ಸಾಲಿನಲ್ಲಿ ಮುಗಿಸುವವರು ಈ ಭಾಗವನ್ನು ಹಾರಿಸಿಬಿಡುತ್ತಾರೆ. ನನಗೆ ಕಥೆಯ ಕೊನೆಗಿಂತ ಇದೇ ಹೆಚ್ಚು ಚುಚ್ಚುತ್ತದೆ.

ಅಳತೆಗಳ ಬಗ್ಗೆ ಒಂದು ಸಣ್ಣ ಮಾತು. 'ದೆಸ್ಯಾತಿನಾ' ಅಂದರೆ ಹೆಚ್ಚುಕಮ್ಮಿ ಎರಡು ಮುಕ್ಕಾಲು ಎಕರೆ. 'ವೆರ್ಸ್ತ್' ಅಂದರೆ ಒಂದು ಕಿಲೋಮೀಟರಿಗಿಂತ ಸ್ವಲ್ಪ ಜಾಸ್ತಿ. 'ಪೂದ್' ಅಂದರೆ 16 ಕಿಲೋ ಚಿಲ್ಲರೆ. ಪಾಹೋಮ್‌ಗೆ ಕೊನೆಗೆ ಸಿಕ್ಕಿದ್ದು ಇಂಗ್ಲಿಷ್ ಅನುವಾದದಲ್ಲಿ ಆರು ಅಡಿ. ಮೂಲದಲ್ಲಿ ಮೂರು 'ಅರ್ಶಿನ್', ಅಂದರೆ ಏಳು ಅಡಿ. ನಾವಾದರೆ 'ಆರಡಿ ಮೂರಡಿ' ಅನ್ನುತ್ತೇವೆ. ಒಂದು ಅಡಿಯಿಂದ ಏನೂ ಆಗಬೇಕಾಗಿಲ್ಲ, ಅಲ್ವಾ.

## ಒಬ್ಬ ಕಟ್ಟದಿದ್ದರೆ ಊರೇ ಕಟ್ಟಬೇಕು

ಜಮೀನು ಒಬ್ಬೊಬ್ಬ ರೈತನ ಹೆಸರಿಗೆ ಬರಲಿಲ್ಲ. ಬಹುಪಾಲು ಕಡೆ ಊರಿನ ಹೆಸರಿಗೆ ಬಂತು. ಈ ಊರ ಸಮುದಾಯಕ್ಕೆ 'ಮೀರ್' ಅನ್ನುತ್ತಾರೆ. ಇದೇ ಉಚ್ಚಾರದ ಮಾತಿಗೆ ರಷ್ಯನ್‌ನಲ್ಲಿ ಲೋಕ ಅಂತಲೂ ಶಾಂತಿ ಅಂತಲೂ ಅರ್ಥ ಇದೆ. ಊರ ಯಜಮಾನರು ಸೇರಿ ಹೊಲವನ್ನು ಉದ್ದುದ್ದ ಪಟ್ಟಿಗಳಾಗಿ ಸೀಳಿ ಮನೆಮನೆಗೆ ಹಂಚುತ್ತಿದ್ದರು. ಒಳ್ಳೆ ಮಣ್ಣಿನಲ್ಲಿ ಒಂದು ಪಟ್ಟಿ, ಕಲ್ಲು ಜಾಗದಲ್ಲಿ ಒಂದು, ಜೌಗಿನ ಪಕ್ಕ ಒಂದು. ಯಾರಿಗೂ ಅನ್ಯಾಯ ಆಗಬಾರದಲ್ಲ. ಕೆಲವು ವರ್ಷಕ್ಕೊಮ್ಮೆ ಮನೆಯಲ್ಲಿ ತಲೆ ಎಷ್ಟು ಅಂತ ನೋಡಿ ಮತ್ತೆ ಹಂಚಿಕೆ. ಇದರಿಂದ ನ್ಯಾಯ ಸಿಕ್ಕಿತು, ಆದರೆ ನಾಳೆ ಇನ್ನೊಬ್ಬನಿಗೆ ಹೋಗುವ ಹೊಲಕ್ಕೆ ಯಾರು ಮನಸ್ಸಿಟ್ಟು ಗೊಬ್ಬರ ಹಾಕುತ್ತಾರೆ?

ಊರಿಗೆ ಒಬ್ಬ ಮುಖ್ಯಸ್ಥ, 'ಸ್ತಾರಸ್ತಾ'. ನಮ್ಮ ಪಟೇಲನ ತರಹ, ಆದರೆ ವಂಶದಿಂದ ಬಂದವನಲ್ಲ, ಊರವರು ಆರಿಸಿದ್ದು. ಕಂದಾಯ ವಸೂಲಿ ಅವನ ತಲೆನೋವು. ಯಾಕೆಂದರೆ ಸಾಲ, ತೆರಿಗೆ ಎರಡಕ್ಕೂ ಊರು ಒಟ್ಟಾಗಿ ಹೊಣೆ. ಸ್ವಸಹಾಯ ಸಂಘದಲ್ಲಿ ಒಬ್ಬಳು ಕಂತು ಕಟ್ಟದಿದ್ದರೆ ಉಳಿದವರು ಮನೆ ಮುಂದೆ ಹೋಗಿ ನಿಲ್ಲುತ್ತಾರಲ್ಲ, ಆ ಒತ್ತಡವನ್ನು ಇಡೀ ಊರಿನ ಮಟ್ಟಕ್ಕೆ ಹಿಗ್ಗಿಸಿ ನೋಡಿ. ಹಾಗಾಗಿ ಯಾರನ್ನೂ ಊರು ಸುಲಭಕ್ಕೆ ಬಿಟ್ಟುಕೊಡುತ್ತಿರಲಿಲ್ಲ. ಹೊರಗೆ ದುಡಿಯಲು ಹೋಗಬೇಕಾದರೆ ಪಾಸ್‌ಪೋರ್ಟ್ ಬೇಕು, ದೇಶದ ಒಳಗೇ ಓಡಾಡಲು.

ಇದನ್ನು ತಿಳಿದುಕೊಂಡು ಚೆಕಾಫ್ 1885ರಲ್ಲಿ ಬರೆದ ಒಂದು ಪುಟ್ಟ ಕಥೆ ಓದಿ. ಅನುವಾದಗಳಲ್ಲಿ 'ಅಪರಾಧಿ', 'ದುಷ್ಕರ್ಮಿ' ಅಂತೆಲ್ಲ ಹೆಸರಿರುತ್ತದೆ. ದೆನೀಸ್ ಗ್ರಿಗೋರ್ಯೆವ್ ಅನ್ನುವ ರೈತ ರೈಲು ಹಳಿಯ ನಟ್ಟು ಬಿಚ್ಚುವಾಗ ಸಿಕ್ಕಿಬಿದ್ದಿದ್ದಾನೆ. ಯಾಕೆ ಬಿಚ್ಚಿದೆ ಅಂತ ಸಾಹೇಬ ಕೇಳುತ್ತಾನೆ. ಗಾಳಕ್ಕೆ ಭಾರ ಬೇಕಲ್ಲ ಸ್ವಾಮಿ, ನಟ್ಟಿಗೆ ಮಧ್ಯದಲ್ಲಿ ತೂತು ಬೇರೆ ಇದೆ, ಎಷ್ಟು ಅನುಕೂಲ ಅನ್ನುತ್ತಾನೆ ಇವನು. ರೈಲು ಮಗುಚಿ ಜನ ಸಾಯುತ್ತಾರೆ ಅಂದರೆ, ಎಷ್ಟು ವರ್ಷದಿಂದ ಊರೆಲ್ಲ ಬಿಚ್ಚುತ್ತಿದೆ, ದೇವರು ಕಾಪಾಡಿದ್ದಾನೆ, ನಾವೇನು ಎಲ್ಲ ನಟ್ಟನ್ನೂ ಬಿಚ್ಚುತ್ತೀವಾ, ಬಿಟ್ಟು ಬಿಟ್ಟು ಬಿಚ್ಚುತ್ತೀವಿ ಅನ್ನುತ್ತಾನೆ. ಯಾವ ಮೀನು ಯಾವ ಆಳದಲ್ಲಿ ಕಚ್ಚುತ್ತದೆ ಅಂತ ಪಾಠವೂ ಹೇಳುತ್ತಾನೆ. ಓದುವಾಗ ನಗು ತಡೆಯಲಾಗುವುದಿಲ್ಲ.

ಕೊನೆಗೆ ಜೈಲಿಗೆ ಹಾಕುವ ಮಾತು ಬಂದಾಗ ದೆನೀಸ್ ಇದ್ದಕ್ಕಿದ್ದ ಹಾಗೆ ಅಣ್ಣತಮ್ಮಂದಿರ ಸುದ್ದಿ ಎತ್ತುತ್ತಾನೆ. ಬಾಕಿ ವಿಷಯವಾದರೆ ಆ ಸ್ತಾರಸ್ತಾ ಹೇಳುವುದನ್ನು ನಂಬಬೇಡಿ, ನಾವು ಮೂವರು, ಕುಜ್ಮಾ ಕಟ್ಟದಿದ್ದರೆ ನಾನು ಹೇಗೆ ಹೊಣೆ ಅಂತ. ಮೊದಲ ಸಲ ಓದಿದಾಗ ಇವನೊಬ್ಬ ಪೆದ್ದ, ಏನೋ ಬಡಬಡಿಸುತ್ತಿದ್ದಾನೆ ಅಂದುಕೊಂಡಿದ್ದೆ. ಪೆದ್ದತನ ಅಲ್ಲ. ಅವನ ಊರಲ್ಲಿ ಒಬ್ಬರ ಬಾಕಿಗೆ ಇನ್ನೊಬ್ಬರನ್ನು ಹಿಡಿಯುವುದು ದಿನನಿತ್ಯದ ವಿಷಯ. ಸರ್ಕಾರ ಅಂತ ಒಂದು ಅವನ ಬಾಳಿಗೆ ಬಂದಿರುವುದೇ ಆ ರೂಪದಲ್ಲಿ. ರೈಲು, ಹಳಿ, ಸುರಕ್ಷತೆ ಇವೆಲ್ಲ ಅವನ ಲೋಕದಲ್ಲಿ ಇಲ್ಲ. ನಟ್ಟಿಗೆ ಇಷ್ಟು ರಂಪ ಯಾಕೆ, ಇದು ಬಾಕಿಯದ್ದೇ ಇರಬೇಕು ಅಂತ ಅವನು ತರ್ಕ ಮಾಡಿದ್ದಾನೆ.

## ಸಮೋವಾರ್ ಜಪ್ತಿಯಾದ ಮನೆ

1892ರಲ್ಲಿ ಚೆಕಾಫ್ ಮಾಸ್ಕೋದ ದಕ್ಷಿಣಕ್ಕಿರುವ ಮೆಲಿಖೊವೊ ಅನ್ನುವ ಹಳ್ಳಿಯಲ್ಲಿ ಜಮೀನು ಕೊಂಡು ಏಳು ವರ್ಷ ಇದ್ದ. ಅವನು ಡಾಕ್ಟರು. ಬೆಳಗ್ಗೆ ಎದ್ದರೆ ರೈತರು ಬಾಗಿಲಲ್ಲಿ, ದುಡ್ಡು ತೆಗೆದುಕೊಳ್ಳುತ್ತಿರಲಿಲ್ಲ. ಕಾಲರಾ ಭಯ ಹಬ್ಬಿದಾಗ ಸುತ್ತಲಿನ ಹಳ್ಳಿಗಳನ್ನು ನೋಡಿಕೊಂಡ. ಮೂರು ಶಾಲೆ ಕಟ್ಟಿಸಿದ. ಆ ಅನುಭವದಿಂದ 1897ರಲ್ಲಿ 'ರೈತರು' ಬಂತು. ಸಣ್ಣಕಥೆಗಿಂತ ಸ್ವಲ್ಪ ಉದ್ದ.

ಮಾಸ್ಕೋದ ಹೋಟೆಲಿನಲ್ಲಿ ಮಾಣಿಯಾಗಿದ್ದ ನಿಕೊಲಾಯ್‌ಗೆ ಕಾಲು ಜೋಮು ಹಿಡಿದು, ಟ್ರೇ ಸಮೇತ ಬಿದ್ದು ಕೆಲಸ ಹೋಗುತ್ತದೆ. ಹೆಂಡತಿ, ಮಗಳನ್ನು ಕರೆದುಕೊಂಡು ಹುಟ್ಟೂರಿಗೆ ಬರುತ್ತಾನೆ. ಬಾಗಿಲು ತೆರೆದರೆ ಅರ್ಧ ಮನೆ ತುಂಬಿದ ಮಸಿ ಹಿಡಿದ ಒಲೆ, ನೊಣ, ಒಲೆಯ ಮೇಲೆ ಎಂಟು ವರ್ಷದ ಒಂದು ಹುಡುಗಿ. ಪಟ್ಟಣದ ಮಗು ಬೆಕ್ಕನ್ನು ಕರೆಯುತ್ತದೆ. ಅದಕ್ಕೆ ಕಿವಿ ಕೇಳಲ್ಲ ಅನ್ನುತ್ತಾಳೆ ಒಲೆ ಮೇಲಿನ ಹುಡುಗಿ. ಯಾಕೆ? ಹೊಡೆದರು, ಅದಕ್ಕೆ. ಇಷ್ಟೇ. ಚೆಕಾಫ್ ಇನ್ನೊಂದು ಮಾತು ಸೇರಿಸುವುದಿಲ್ಲ.

ಆ ಮನೆಗೆ ನೂರಕ್ಕೂ ಜಾಸ್ತಿ ರೂಬಲ್ ಬಾಕಿ ಇರುತ್ತದೆ. ಸ್ತಾರಸ್ತಾ ಬಂದು ಸಮೋವಾರ್ ಎತ್ತಿಕೊಂಡು ಹೋಗುತ್ತಾನೆ. ಸಮೋವಾರ್ ಅಂದರೆ ಒಳಗೆ ಕೆಂಡ ಹಾಕಿ ನೀರು ಕುದಿಸುವ, ಕೆಳಗೆ ನಲ್ಲಿ ಇರುವ ಲೋಹದ ಪಾತ್ರೆ, ನಮ್ಮ ಹಂಡೆಯ ತಮ್ಮ ಅನ್ನಿ. ಬರೀ ಚಹಾದ ಪಾತ್ರೆ ಹೋಯಿತು ಅಂತ ನಾವು ಓದಿಕೊಂಡರೆ, ಅಜ್ಜಿ ಬೀದಿಯಲ್ಲಿ ಯಾಕೆ ಅಷ್ಟು ಬಡಕೊಳ್ಳುತ್ತಾಳೆ ಅಂತ ಗೊತ್ತಾಗುವುದಿಲ್ಲ. ಮನೆಯ ಮಾನ ಹೋದ ಹಾಗಾಯ್ತು ಅಂತ ಚೆಕಾಫ್ ಬರೆಯುತ್ತಾನೆ. ಸಾಲಕ್ಕೆ ಬಾಗಿಲು ಕಿತ್ತುಕೊಂಡು ಹೋದರು, ಹಂಡೆ ಜಪ್ತಿ ಮಾಡಿದರು ಅಂತ ಹಳಬರು ಹೇಳುವಾಗ ಅವರ ದನಿ ಹೇಗೆ ಇಳಿಯುತ್ತದೆ, ಕೇಳಿದ್ದೀರಲ್ಲ.

ಇದೇ ಮನೆಯ ಮುದುಕರು ರಾತ್ರಿ ಹೊತ್ತು ದಣಿಗಳ ಕಾಲವೇ ವಾಸಿ ಅಂತ ಮಾತಾಡಿಕೊಳ್ಳುವುದು. ಹುಚ್ಚಲ್ಲ. ಆಗ ಹೊಡೆತ ಇತ್ತು, ಆದರೆ ಹೊಟ್ಟೆಗೆ ಹಾಕುವ ಹೊಣೆ ಒಬ್ಬನದ್ದಿತ್ತು. ಈಗ ಕಂತು ಇದೆ, ತೆರಿಗೆ ಇದೆ, ಬಾಕಿ ಇದೆ, ಕೇಳುವವರಿಲ್ಲ. ಜೀತವನ್ನು ಹೊಗಳುವುದಕ್ಕೆ ಚೆಕಾಫ್ ಇದನ್ನು ಬರೆದದ್ದಲ್ಲ, ಜೀತದಲ್ಲಿ ಹುಟ್ಟಿದವನ ಮೊಮ್ಮಗ ಅವನು. ಬಿಡುಗಡೆಯಾಗಿ ಮೂವತ್ತಾರು ವರ್ಷ ಕಳೆದರೂ ಮುದುಕರ ಬಾಯಲ್ಲಿ ಈ ಮಾತು ಬರುತ್ತದೆ ಅಂದರೆ ಆ ಬಿಡುಗಡೆ ಹೇಗಿತ್ತು ನೋಡಿ ಅನ್ನುತ್ತಾನೆ ಅಷ್ಟೆ. ಸೆನ್ಸಾರ್‌ನವರು ಕಥೆಯ ಒಂದು ಪುಟ ತೆಗೆಸಿದರು. ರೈತರೆಂದರೆ ದೇವರಂಥವರು ಅಂತ ನಂಬಿದ್ದ ಪಟ್ಟಣದ ಓದುಗರಿಗೂ ಸಿಟ್ಟು ಬಂತು. ಟಾಲ್‌ಸ್ಟಾಯ್‌ಗೂ ಇದು ಹಿಡಿಸಲಿಲ್ಲ.

## ಗುಳೆ ಹೋದವರು

ಅಲ್ಲಿ ಬೇಸಾಯದ ಕಾಲ ಬಹಳ ಚಿಕ್ಕದು. ವರ್ಷದ ಅರ್ಧ ಹಿಮ. ಬಾಕಿ ತೀರಿಸಲು ದುಡ್ಡು ಬೇಕು, ಹೊಲದಲ್ಲಿ ದುಡ್ಡು ಹುಟ್ಟುವುದಿಲ್ಲ. ಹಾಗಾಗಿ ಗಂಡಸರು ಪಟ್ಟಣಕ್ಕೆ ಹೋಗುತ್ತಿದ್ದರು. ಮಾಣಿ, ಬಡಗಿ, ಗಾಡಿ ಹೊಡೆಯುವವನು, ಕಾವಲುಗಾರ. ರಾಯಚೂರು, ಕಲಬುರಗಿ ಕಡೆಯವರು ಇದಕ್ಕೆ ಒಂದೇ ಮಾತಿನಲ್ಲಿ ಗುಳೆ ಅನ್ನುತ್ತಾರೆ. ನಿಕೊಲಾಯ್ ಗುಳೆ ಹೋದವನು. ಪುಟ್ಟ ವಾಂಕಾ ಕೂಡ.

ಚೆಕಾಫ್‌ನ ಇನ್ನೊಂದು ಕಥೆಯ ಗಾಡಿಯವನು ಇಯೋನಾ ಕೂಡ ಅದೇ ಸಾಲಿನವನು. ಆ ಕಥೆ ಕನ್ನಡದಲ್ಲೂ ಹಲವರಿಗೆ ಗೊತ್ತು. ಮಗ ಸತ್ತು ವಾರವಾಗಿದೆ, ಹೇಳಿಕೊಳ್ಳಲು ಒಬ್ಬರೂ ಸಿಗುವುದಿಲ್ಲ, ಕೊನೆಗೆ ಲಾಯದಲ್ಲಿ ಕುದುರೆಗೆ ಹೇಳುತ್ತಾನೆ. ಮನುಷ್ಯನ ಒಂಟಿತನದ ಕಥೆ ಅನ್ನುತ್ತಾರೆ, ಸರಿ. ಆದರೆ ಅವನ ಮಗಳು ಅನಿಸ್ಯಾ ಊರಲ್ಲಿದ್ದಾಳೆ ಅಂತ ಕಥೆಯಲ್ಲೇ ಒಂದು ಮಾತು ಬರುತ್ತದೆ. ಸಾವಾದ ಮನೆಯಲ್ಲಿ ಸುತ್ತ ಕೂತು ಅಳುವ ಹೆಂಗಸರು, ಎಲ್ಲ ಕೇಳಿಸಿಕೊಳ್ಳುವ ನೆರೆಯವರು, ಅವರೆಲ್ಲ ಊರಲ್ಲಿ ಉಳಿದಿದ್ದಾರೆ. ಪೀಟರ್ಸ್‌ಬರ್ಗಿನಲ್ಲಿ ಇರುವುದು ಬಾಡಿಗೆ ಗಿರಾಕಿಗಳು.

## ಬರೆದವರು ಒಬ್ಬರು, ಓದಿದವರು ಇನ್ನೊಬ್ಬರು

1897ರ ಜನಗಣತಿಯ ಪ್ರಕಾರ ರಷ್ಯಾ ಸಾಮ್ರಾಜ್ಯದಲ್ಲಿ ಓದು ಬರುತ್ತಿದ್ದವರು ನೂರಕ್ಕೆ 21 ಜನ. ಹಳ್ಳಿಯಲ್ಲಿ ಇನ್ನೂ ಕಮ್ಮಿ. ಅಂದರೆ ದೆನೀಸ್ ತನ್ನ ಕಥೆ ಓದುವ ಸಾಧ್ಯತೆ ಇರಲಿಲ್ಲ. ತುರ್ಗೆನೆವ್, ಚೆಕಾಫ್ ಬರೆದದ್ದು ಪಟ್ಟಣದ ಪತ್ರಿಕೆ ಓದುವವರಿಗೆ. ಟಾಲ್‌ಸ್ಟಾಯ್ ಮಾತ್ರ ರೈತರೇ ಓದಲಿ ಅಂತ ಹಟ ಹಿಡಿದ. ಯಾಸ್ನಯಾ ಪೊಲ್ಯಾನಾ ಅನ್ನುವ ತನ್ನ ಜಮೀನಿನಲ್ಲಿ 1859ರಲ್ಲೇ ರೈತ ಮಕ್ಕಳಿಗೆ ಶಾಲೆ ತೆರೆದಿದ್ದ. 1884ರಲ್ಲಿ ಗೆಳೆಯರ ಜೊತೆ ಸೇರಿ ಶುರು ಮಾಡಿದ ಪ್ರಕಾಶನ ಕಥೆಗಳನ್ನು ಚಿಲ್ಲರೆ ಕಾಸಿನ ಪುಸ್ತಕ ಮಾಡಿ, ಊರೂರು ಸುತ್ತುವ ಗಂಟು ವ್ಯಾಪಾರಿಗಳ ಕೈಲಿ ಮಾರಿಸಿತು. ಪಾಹೋಮ್‌ನ ಕಥೆ 1886ರದ್ದು, ಇದೇ ಕಾಲದ್ದು. ಅದು ಅಜ್ಜಿ ಕಥೆಯ ಹಾಗೆ ಕೇಳಿಸುವುದಕ್ಕೆ ಕಾರಣ ಇದು, ಗಟ್ಟಿಯಾಗಿ ಓದಿ ಹೇಳಿದರೆ ಒಲೆ ಮೇಲೆ ಮಲಗಿದವನಿಗೂ ತಿಳಿಯಬೇಕು.

ನಮ್ಮಲ್ಲಿ ಈ ಕಥೆಗಳು ಮನೆಮನೆಗೆ ಬಂದದ್ದು ಬೇರೆ ದಾರಿಯಲ್ಲಿ. ಮಾಸ್ಕೋದಲ್ಲೇ ಕನ್ನಡದಲ್ಲಿ ಅಚ್ಚಾಗಿ ಬರುತ್ತಿದ್ದ ಪ್ರಗತಿ, ರಾದುಗ ಪ್ರಕಾಶನದ ಪುಸ್ತಕಗಳನ್ನು ಅಗ್ಗದ ಬೆಲೆಗೆ ಕೊಂಡವರು ಈಗ ಅರವತ್ತರ ಆಸುಪಾಸಿನಲ್ಲಿದ್ದಾರೆ. ಅವರ ಅಲಮಾರಿಗಳಲ್ಲಿ ಹುಡುಕಿ, ಸಿಗುತ್ತದೆ.

## ಕ್ರಾಂತಿಯ ಮೇಲೆ

1917 ಆಯಿತು, ದಣಿಗಳು ಹೋದರು, ರೈತರ ಕೈಗೆ ಜಮೀನು ಬಂತು. 1929ರ ನಂತರ ಅದನ್ನೇ ಮತ್ತೆ ಒಟ್ಟುಮಾಡಿ ಸಾಮೂಹಿಕ ಜಮೀನು, 'ಕೊಲ್ಖೋಜ್', ಮಾಡಿದರು. ಸೊಲ್ಜೆನಿತ್ಸಿನ್ 1963ರಲ್ಲಿ ಪ್ರಕಟಿಸಿದ 'ಮತ್ರ್ಯೋನಾಳ ಮನೆ' ಕಥೆಯ ಮುದುಕಿ ಕೊಲ್ಖೋಜಿನಲ್ಲಿ ದುಡಿದು ಸವೆದಿದ್ದಾಳೆ. ಕೂಲಿಯಾಗಿ ಅವಳಿಗೆ ಸಿಕ್ಕಿದ್ದು ದುಡ್ಡಲ್ಲ, ಹಾಜರಿ ಪುಸ್ತಕದಲ್ಲಿ ಒಂದೊಂದು ದಿನಕ್ಕೆ ಒಂದೊಂದು ಗೀಟು. ಪಿಂಚಣಿಗೆ ಆಫೀಸಿಂದ ಆಫೀಸಿಗೆ ಅಲೆಯುತ್ತಾಳೆ. ಖೋರ್ ಹೆದರಿದ್ದ ಗಡ್ಡ ಬೋಳಿಸಿದವರು ಹೊಸ ಹೆಸರಲ್ಲಿ ಅಲ್ಲೇ ಇದ್ದರು. ಕೊಲ್ಖೋಜಿನ ರೈತರಿಗೆಲ್ಲ ಪಾಸ್‌ಪೋರ್ಟ್ ಕೊಡಬೇಕು ಅಂತ ತೀರ್ಮಾನವಾದದ್ದು 1974ರಲ್ಲಿ.

ಆಮೇಲೆ ಹಳ್ಳಿಯಲ್ಲಿ ಹುಟ್ಟಿದವರೇ ಹಳ್ಳಿಯ ಕಥೆ ಬರೆದರು. ಅಲ್ತಾಯ್ ಪ್ರಾಂತ್ಯದ ಸ್ರೋಸ್ತ್ಕಿ ಊರಿನ ವಸೀಲಿ ಶುಕ್ಷಿನ್ ಅವರಲ್ಲಿ ಒಬ್ಬ. ಅವನ ಕಥೆಗಳ ಜನ ಟ್ರ್ಯಾಕ್ಟರ್ ಓಡಿಸುತ್ತಾರೆ, ಪಟ್ಟಣದಿಂದ ಬಂದವರ ಜೊತೆ ಸುಮ್ಮಸುಮ್ಮನೆ ವಾದಕ್ಕೆ ಇಳಿಯುತ್ತಾರೆ. ಓದಿದರೆ ನಮ್ಮೂರ ಹೋಟೆಲ್ ಮುಂದಿನ ಬೆಂಚು ನೆನಪಾಗುತ್ತದೆ.

## ಎಲ್ಲಿಂದ ಶುರು ಮಾಡೋದು?

ಅಕ್ಕನ ಮಗಳಿಗೆ ನಾನು ಹೇಳಿದ್ದು ಇಷ್ಟು. ಮೊದಲು ದೆನೀಸ್‌ನ ನಟ್ಟಿನ ಕಥೆ, ಹತ್ತು ನಿಮಿಷ ಸಾಕು. ಆಮೇಲೆ ವಾಂಕಾ. ಆಮೇಲೆ ಪಾಹೋಮ್‌ನನ್ನು ಇನ್ನೊಂದು ಸಲ. ಖೋರ್‌ನ ಕಥೆಯಲ್ಲಿ ಬೇಟೆಯ ವಿವರ ಬಂದಾಗ ಬೇಜಾರಾದರೆ ಪುಟ ತಿರುಗಿಸು, ಪರವಾಗಿಲ್ಲ. 'ರೈತರು' ಕೊನೆಗಿರಲಿ, ಒಂದೇ ಕೂರಿಕೆಯಲ್ಲಿ ಓದಬೇಡ.

ನಿನ್ನೆ ಮೆಸೇಜ್ ಬಂತು. ದೆನೀಸ್‌ನ ಕಥೆ ಮುಗಿಸಿದ್ದಾಳೆ. "ಮಾಮ, ಹಾಗಾದ್ರೆ ಕುಜ್ಮಾ ಬಾಕಿ ಕಟ್ಟಿದ್ನೋ ಇಲ್ವೋ?"